ಡಿಕ್ರಿ ಸಿಕ್ಕರೂ ಜಮೀನು ಸಿಗದೆ: ಸ್ವಾಧೀನ ಜಾರಿಯ ಕಾನೂನು ನಡೆದುಬಂದ ದಾರಿ

ಭಾರತದಲ್ಲಿ ದಾವೆ ಹೂಡಿದವನ ಕಷ್ಟ ಶುರುವಾಗುವುದೇ ಡಿಕ್ರಿ ಕೈಗೆ ಬಂದ ಮೇಲೆ ಎಂದು ಪ್ರಿವಿ ಕೌನ್ಸಿಲ್ 1872ರಲ್ಲಿ, ದರ್ಭಂಗಾ ಸಂಸ್ಥಾನದ ವ್ಯಾಜ್ಯವೊಂದರಲ್ಲಿ ಹೇಳಿತು. ಜಾರಿ ಪ್ರಕರಣಗಳ ತೀರ್ಪುಗಳಲ್ಲಿ ಆ ಮಾತು ಈಗ ಸವಕಲಾಗುವಷ್ಟು ಬಳಕೆಯಾಗಿದೆ. ಸೋತವನ ಹಟ, ಅಮೀನನ ಉದಾಸೀನ, ಪೊಲೀಸರ ಹಿಂದೇಟು ಇದಕ್ಕೆ ಕಾರಣವೆಂದು ಹೇಳುವುದು ವಾಡಿಕೆ. ಒತ್ತುವರಿ ತೆರವಿನ ಡಿಕ್ರಿಗಳ ಮಟ್ಟಿಗಂತೂ ಈ ವಿವರಣೆ ಸಾಲದು. ಜಾಗ ಯಾವುದು, ಅದರಲ್ಲಿ ಈಗ ಇರುವವರು ಯಾರು ಎಂಬುದು ವಿಚಾರಣೆಯ ಹೊತ್ತಿಗೇ ಇತ್ಯರ್ಥವಾಗಿರುವುದಿಲ್ಲ. ಬಾಕಿ ಉಳಿದ ಆ ಕೆಲಸವೇ ಜಾರಿಯ ಹಂತದಲ್ಲಿ ತಕರಾರಾಗಿ ಎದ್ದು ನಿಲ್ಲುತ್ತದೆ.

ಸಂಹಿತೆಯ ಇತಿಹಾಸ ಇದನ್ನೇ ತೋರಿಸುತ್ತದೆ. 1859ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 229ನೇ ಕಲಮಿನಂತೆ, ದಾವೆಯಲ್ಲಿ ಇಲ್ಲದ ಮೂರನೆಯವನು ಪ್ರಾಮಾಣಿಕ ಹಕ್ಕು ಹೇಳಿ ಅಡ್ಡ ನಿಂತರೆ ಅವನ ತಕರಾರನ್ನೇ ದಾವೆಯೆಂದು ನಮೂದಿಸಿ ವಿಚಾರಿಸಬೇಕಿತ್ತು. 1882ರ ಸಂಹಿತೆ 331ನೇ ಕಲಮಿನಲ್ಲಿ ಆ ಪದ್ಧತಿಯನ್ನು ಉಳಿಸಿಕೊಂಡಿತು. 1908ರಲ್ಲಿ ದಿಕ್ಕು ಬದಲಾಯಿತು. 21ನೇ ಆದೇಶದ 97ರಿಂದ 103ರವರೆಗಿನ ನಿಯಮಗಳಲ್ಲಿ ಸಂಕ್ಷಿಪ್ತ ವಿಚಾರಣೆ ಮಾತ್ರ ಉಳಿಯಿತು. ಆ ವಿಚಾರಣೆಯಲ್ಲಿ ಸೋತವನು ಒಂದು ವರ್ಷದೊಳಗೆ ಹೊಸ ದಾವೆ ಹಾಕಬಹುದಿತ್ತು. ಒಂದು ವ್ಯಾಜ್ಯ ಎರಡಾಯಿತು. 1976ರ ತಿದ್ದುಪಡಿ ಮತ್ತೆ ಹಳೆಯ ಹಾದಿ ಹಿಡಿಯಿತು: ಹಕ್ಕಿನ ಪ್ರಶ್ನೆಗಳನ್ನೆಲ್ಲ ಜಾರಿ ನ್ಯಾಯಾಲಯವೇ ತೀರ್ಮಾನಿಸಬೇಕು, ಬೇರೆ ದಾವೆ ಕೂಡದು, ಆ ಆದೇಶಕ್ಕೆ ಡಿಕ್ರಿಯಷ್ಟೇ ಬಲ. ಹೀಗೆ ಎರಡು ಬಾರಿ ಬದಲಾದದ್ದು ಮೂರನೆಯವನ ಮಾತನ್ನು ಎಲ್ಲಿ ಕೇಳಬೇಕೆಂಬುದು ಮಾತ್ರ. ಅವನು ಅಷ್ಟು ತಡವಾಗಿ ಏಕೆ ಕಾಣಿಸಿಕೊಳ್ಳುತ್ತಾನೆ ಎಂಬುದನ್ನು ಸಂಹಿತೆ ಕೇಳಿಕೊಂಡಂತಿಲ್ಲ.

ಉತ್ತರ ಜಮೀನಿನ ಮೇಲೆಯೇ ಇದೆ. 21ನೇ ಆದೇಶದ 35ನೇ ನಿಯಮದಡಿ ಅಮೀನ ಬೀಗ ಒಡೆಯಬಹುದು, ಬಾಗಿಲು ಮುರಿಯಬಹುದು, ಒಳಗಿರುವ, ಡಿಕ್ರಿಗೆ ಬದ್ಧರಾದವರನ್ನು ಹೊರಹಾಕಬಹುದು. ಆದರೆ ಅವನ ಕೈಯಲ್ಲಿರುವ ವಾರಂಟಿನಲ್ಲಿ ಸರ್ವೆ ನಂಬರು, ನಾಲ್ಕು ದಿಕ್ಕಿನ ಚೆಕ್ಕುಬಂದಿ ಬಿಟ್ಟರೆ ಬೇರೇನಿಲ್ಲ. ಪೂರ್ವಕ್ಕೆ ಇಂಥವರ ಜಮೀನು ಎಂದು ಬರೆದಿದ್ದರೆ ಆ ಜಮೀನು ಅಷ್ಟರಲ್ಲಿ ಎರಡು ಕೈ ದಾಟಿರುತ್ತದೆ. ಪೋಡಿಯಾಗದ ಹಿಸ್ಸೆಯಾದರೆ ಗೆರೆ ಎಲ್ಲಿಂದ ಎಲ್ಲಿಗೆಂದು ಸ್ಥಳದಲ್ಲಿ ನಿಂತು ಹೇಳುವವರೇ ಇಲ್ಲ. ಹತ್ತಡಿ ಪಟ್ಟಿಯ ಒತ್ತುವರಿಯನ್ನು ಟಿಪ್ಪಣಿಯಿಲ್ಲದೆ, ಸರಪಳಿ ಹಿಡಿಯದೆ ಬಿಡಿಸಿಕೊಡಲು ಯಾವ ಅಮೀನನಿಗೂ ಸಾಧ್ಯವಿಲ್ಲ. ಅವನು ಮಹಜರು ಬರೆದು ವಾರಂಟನ್ನು ಮರಳಿಸುತ್ತಾನೆ. ಇದನ್ನು ಸೋಮಾರಿತನ ಎನ್ನುವುದು ಅನ್ಯಾಯ. ಆಸ್ತಿಯನ್ನು ಗುರುತಿಸಲು ಸಾಕಾಗುವಷ್ಟು ವಿವರ ದಾವಾಪತ್ರದಲ್ಲೇ ಇರಬೇಕೆಂದು 7ನೇ ಆದೇಶದ 3ನೇ ನಿಯಮ ಮೊದಲಿನಿಂದಲೂ ಹೇಳುತ್ತಿದೆ. ಷೆಡ್ಯೂಲನ್ನು ಹಳೇ ಕ್ರಯಪತ್ರದಿಂದ ನಕಲು ಮಾಡಿಬಿಡುವ ರೂಢಿ ಆ ನಿಯಮವನ್ನು ನಿರ್ಜೀವಗೊಳಿಸಿದೆ.

ತಕರಾರುಗಳಲ್ಲಿ ಬಹುಪಾಲು ಸೋತವನೇ ಹುಟ್ಟಿಸಿದ ನಾಟಕವಲ್ಲವೇ ಎಂದು ಕೇಳಬಹುದು. ನಿಜ, ಅಂಥವು ಇವೆ. ಅವಕ್ಕೆ ಮದ್ದೂ ಇದೆ: ದಾವೆ ನಡೆಯುತ್ತಿರುವಾಗ ಆಸ್ತಿ ಕೊಂಡವನಿಗೆ 102ನೇ ನಿಯಮದ ರಕ್ಷಣೆಯಿಲ್ಲ, ಸೋತವನ ಪ್ರಚೋದನೆಯಿಂದ ಅಡ್ಡಿಪಡಿಸುತ್ತಲೇ ಇರುವವನನ್ನು 30 ದಿನದವರೆಗೆ ಸಿವಿಲ್ ಬಂದಿಖಾನೆಗೆ ಕಳಿಸಬಹುದು. ಮದ್ದಿಲ್ಲದಿರುವುದು ನಿಜವಾದ ಅನುಮಾನಕ್ಕೆ. ಹೊರಹಾಕುವ ಮುನ್ನವೇ ಮೂರನೆಯವನ ಮಾತು ಕೇಳಬೇಕೆಂದು 1997ರಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದು ಸರಿಯೇ, ಏಕೆಂದರೆ ತನ್ನನ್ನು ಕೇಳದೆ ಆದ ಡಿಕ್ರಿಗೆ ಅವನು ಮನೆ ಕಳೆದುಕೊಳ್ಳಬಾರದು. ಅವನ ರಕ್ಷಣೆ, ಡಿಕ್ರಿದಾರನ ಆತುರ ಎರಡಕ್ಕೂ ಒಗ್ಗುವ ಜಾಗ ದಾವೆಯ ಆರಂಭ. 2021ರ ಏಪ್ರಿಲ್ 22ರಂದು, ಬೆಂಗಳೂರಿನ ಆಸ್ತಿಯೊಂದರ ಸುದೀರ್ಘ ವ್ಯಾಜ್ಯದಲ್ಲಿ, ಸುಪ್ರೀಂ ಕೋರ್ಟಿನ ಮೂವರು ನ್ಯಾಯಮೂರ್ತಿಗಳ ಪೀಠ ಕೊಟ್ಟ ನಿರ್ದೇಶನಗಳಲ್ಲಿ ನನಗೆ ಮುಖ್ಯವಾಗಿ ಕಾಣುವುದು ಇದೇ: ಸ್ವಾಧೀನದ ದಾವೆಗಳಲ್ಲಿ ಮೂರನೆಯವರ ಹಿತಾಸಕ್ತಿ ಇದೆಯೇ ಎಂದು ಪಕ್ಷಗಾರರನ್ನು ಮೊದಲೇ ವಿಚಾರಿಸಬೇಕು, ಸೂಕ್ತ ಪ್ರಕರಣಗಳಲ್ಲಿ ಕಮಿಷನರನ್ನು ಕಳಿಸಿ ಆಸ್ತಿಯ ನಿಖರ ವಿವರ ತರಿಸಬಹುದು. ಪತ್ರಿಕೆಗಳು ಎತ್ತಿ ತೋರಿಸಿದ್ದು ಜಾರಿಗೆ ಆರು ತಿಂಗಳ ಗಡುವನ್ನು. ಗಡುವಿನಿಂದ ಗೆರೆ ಮೂಡುವುದಿಲ್ಲ. ಕಮಿಷನರ್ ನೇಮಕದಿಂದ ದಾವೆ ಕೆಲವು ತಿಂಗಳು ಎಳೆಯುತ್ತದೆಂಬ ಆಕ್ಷೇಪವನ್ನು ಒಪ್ಪಬಹುದು, ಆದರೆ ಡಿಕ್ರಿಯ ಜಾರಿಗೆ ಕಾಲಮಿತಿ ಕಾಯ್ದೆಯೇ 12 ವರ್ಷ ಕೊಟ್ಟಿರುವ ದೇಶದಲ್ಲಿ ಕೆಲವು ತಿಂಗಳಿಗೆ ಹೆದರುವುದು ವಿಚಿತ್ರ. 2025ರಲ್ಲಿ ಸುಪ್ರೀಂ ಕೋರ್ಟ್ ಹೈಕೋರ್ಟುಗಳಿಂದ ಅಂಕಿಅಂಶ ತರಿಸಿಕೊಂಡಾಗ ಬಾಕಿ ಜಾರಿ ಅರ್ಜಿಗಳು 8.8 ಲಕ್ಷ ದಾಟಿದ್ದವು. ಅವುಗಳಲ್ಲಿ ಎಷ್ಟು ಹಟದಿಂದ ನಿಂತಿವೆ, ಎಷ್ಟು ಷೆಡ್ಯೂಲಿನ ದೋಷದಿಂದ ನಿಂತಿವೆ ಎಂದು ವಿಂಗಡಿಸುವುದು ಮುಂದಿನ ಸಂಶೋಧನೆಯ ಕೆಲಸ.