ಕಾರಾಪುರದ ಆನೆಗಳೂ ಕಿರುತೆರೆಯ ರೊಸೆಲ್ಲಿನಿಯೂ

ಹೆಬ್ಬಾಳ, ಯಲಹಂಕ, ಆರ್.ಟಿ. ನಗರಗಳ ನಮ್ಮ ಮನೆಗಳಲ್ಲಿ ಮಕ್ಕಳನ್ನು ಕೆಡಿಸುವ ಪೆಟ್ಟಿಗೆಯೆಂದು ಟಿ.ವಿ.ಯನ್ನು ಶಪಿಸದ ಹಿರಿಯರು ವಿರಳ. ಅದೇ ಪೆಟ್ಟಿಗೆಯನ್ನು ಪಾಠಶಾಲೆಯಾಗಿಸಲು ಬಾಳಿನ ಕೊನೆಯ ವರ್ಷಗಳನ್ನು ಮುಡಿಪಿಟ್ಟ ಇಟಲಿಯ ನಿರ್ದೇಶಕರೊಬ್ಬರು ನಮ್ಮ ಮೈಸೂರು ಸೀಮೆಯ ಕಾಡಿಗೂ ಬಂದಿದ್ದರು. ಅವರೇ ರೊಬೆರ್ತೊ ರೊಸೆಲ್ಲಿನಿ.

1906ರಲ್ಲಿ ರೋಮಿನಲ್ಲಿ ಹುಟ್ಟಿದ ಅವರಿಗೂ ಧರ್ಮಸಭೆಗೂ ಇದ್ದ ನಂಟು ಸರಳವಾದುದಲ್ಲ. ನಾಜಿಗಳ ಗುಂಡಿಗೆ ಎದೆಯೊಡ್ಡುವ ಯಾಜಕನನ್ನು 1945ರ 'ರೋಮಾ, ಚಿತ್ತಾ ಅಪೆರ್ತಾ' ಚಿತ್ರದಲ್ಲಿ ತೋರಿದವರೂ ಅವರೇ. 1948ರ 'ಇಲ್ ಮಿರಾಕೊಲೊ' ಕಿರುಚಿತ್ರದಿಂದ ನ್ಯೂಯಾರ್ಕಿನ ಕಾರ್ಡಿನಲ್ ಸ್ಪೆಲ್ಮನ್ನರ ಕೋಪಕ್ಕೆ ಗುರಿಯಾದವರೂ ಅವರೇ. ಆ ವಿವಾದ ಅಮೆರಿಕದ ಸರ್ವೋಚ್ಚ ನ್ಯಾಯಾಲಯದವರೆಗೂ ಹೋಯಿತು. ಈ ನಡುವೆ, 1950ರಲ್ಲಿ, ನಿಜವಾದ ಫ್ರಾನ್ಸಿಸ್ಕನ್ ಸಹೋದರರಿಂದಲೇ ಅಭಿನಯಿಸಿ ಸಂತ ಫ್ರಾನ್ಸಿಸರ ಚಿತ್ರವನ್ನು ಮಾಡಿದರು. 1995ರಲ್ಲಿ ವ್ಯಾಟಿಕನ್ ಆರಿಸಿದ 45 ಚಿತ್ರಗಳ ಪಟ್ಟಿಯಲ್ಲಿ ಅದೂ ಇದೆ, 1945ರ ಚಿತ್ರವೂ ಇದೆ.

1956ರ ಡಿಸೆಂಬರಿನಲ್ಲಿ ಭಾರತಕ್ಕೆ ಬಂದ ಅವರು ಮರುವರ್ಷದ ಅಕ್ಟೋಬರಿನವರೆಗೂ ಇಲ್ಲಿದ್ದರು. ಅವರ ಸಂಸಾರದ ಏರುಪೇರುಗಳ ಬಗ್ಗೆ ಪತ್ರಿಕೆಗಳು ಬರೆದದ್ದೇ ಬರೆದದ್ದು. ಆ ಗದ್ದಲದಲ್ಲಿ ಕೆಲಸವೇ ಮರೆಯಾಯಿತು. ಕೆಲಸವೇನೂ ಸಣ್ಣದಲ್ಲ. 'ಇಂಡಿಯಾ: ಮಾತೃಭೂಮಿ' ಚಿತ್ರದ ಮೊದಲ ಕಥೆ ಕಾರಾಪುರದ ಕಾಡಿನದು. ಮರ ಎಳೆದು ದಣಿದ ಆನೆಯನ್ನು ಮಾವುತ ಹೊಳೆಗಿಳಿಸಿ ಉಜ್ಜಿ ಉಜ್ಜಿ ಮೀಯಿಸುತ್ತಾನೆ, ಮೇವು ಹೊಂದಿಸುತ್ತಾನೆ. ದುಡಿಸಿಕೊಂಡವನೇ ಸೇವಕನಾಗುವ ಆ ದೃಶ್ಯದಲ್ಲಿ ಕ್ಯಾಮೆರಾ ಅವಸರಪಡುವುದಿಲ್ಲ. ಆ ಮಾವುತ ಗೊಂಬೆಯಾಟದವನ ಮಗಳನ್ನು ಮೆಚ್ಚಿ ಮದುವೆಯಾಗುತ್ತಾನೆ. ನಟಿಸಿದವರು ವೃತ್ತಿನಟರಲ್ಲ, ಊರಿನವರೇ. ಕಾಕನಕೋಟೆಯ ಕೊನೆಯ ಖೆಡ್ಡಾ ನಡೆದದ್ದು 1971ರಲ್ಲಿ. ಆಮೇಲೆ ಹುಟ್ಟಿದ ನಮಗೆ ಆನೆ, ಮಾವುತರ ಆ ಬಾಳು ಇಂಥ ಚಿತ್ರಗಳಲ್ಲಷ್ಟೇ ಸಿಗುತ್ತದೆ.

ಕನ್ನಡಿಗರ ಪಾಲೂ ಉಂಟು: ಮುಂದೆ 'ಸುಬ್ಬಾಶಾಸ್ತ್ರಿ' (1966) ನಿರ್ದೇಶಿಸಿದ ಎಂ.ವಿ. ಕೃಷ್ಣಸ್ವಾಮಿಯವರು ಇಟಲಿಯಲ್ಲಿ ರೊಸೆಲ್ಲಿನಿಯವರ ಬಳಿ ಕೆಲಸ ಕಲಿತವರು.

ಇಲ್ಲಿ ಚಿತ್ರಿಸಿದ್ದನ್ನು 1959ರಲ್ಲಿ ಇಟಲಿಯ ದೂರದರ್ಶನ 10 ಕಂತುಗಳಲ್ಲಿ ಬಿತ್ತರಿಸಿತು. ರೊಸೆಲ್ಲಿನಿ ತಾವೇ ಸ್ಟುಡಿಯೋದಲ್ಲಿ ಕುಳಿತು, ಪ್ರಶ್ನೆಗಳಿಗೆ ಉತ್ತರಿಸುತ್ತಾ, ಭಾರತವನ್ನು ತಮ್ಮ ನಾಡಿನ ಮನೆಮನೆಗೂ ಪರಿಚಯಿಸಿದರು. ಕಿರುತೆರೆಯ ಶಕ್ತಿ ಅವರಿಗೆ ಮನದಟ್ಟಾದದ್ದು ಇಲ್ಲಿಯೇ ಎಂದು ನನ್ನ ಎಣಿಕೆ. ಕೆಲವೇ ವರ್ಷಗಳಲ್ಲಿ ಸಿನಿಮಾ ಸತ್ತಿತೆಂದು ಸಾರಿ ಟಿ.ವಿ.ಯತ್ತ ಹೊರಳಿದರು. 1969ರಲ್ಲಿ ಐದು ಭಾಗಗಳ 'ಪ್ರೇಷಿತರ ಕಾರ್ಯಕಲಾಪಗಳು', 1972ರಲ್ಲಿ ಪಾಸ್ಕಲ್, ಸಂತ ಅಗಸ್ಟೀನರನ್ನು ಕುರಿತ ಚಿತ್ರಗಳು ಬಂದವು.

1975ರ 'ಇಲ್ ಮೆಸ್ಸಿಯಾ' ಬೆಳ್ಳಿತೆರೆಗೆಂದು ಮಾಡಿದ್ದು. ಪವಾಡಗಳ ಅಬ್ಬರ ಬಯಸಿ ಕುಳಿತರೆ ನಿಮಗೆ ನಿರಾಸೆಯಾದೀತು. ಅಲ್ಲಿ ಯೇಸು ಮರಗೆಲಸ ಮಾಡುತ್ತಲೇ ಬೋಧಿಸುತ್ತಾರೆ. ತಾಯಿ ಮರಿಯಮ್ಮನವರು ಕೊನೆಯವರೆಗೂ ಎಳೆಯ ಹೆಣ್ಣಾಗಿಯೇ ಇರುತ್ತಾರೆ. ಮೈಮೇಲೆ ಮಗನ ಶವವನ್ನಿಟ್ಟುಕೊಂಡಾಗಲೂ ಆ ಮುಖಕ್ಕೆ ವಯಸ್ಸಾಗಿಲ್ಲ. ಎರಡು ವರ್ಷಗಳ ತರುವಾಯ, 1977ರ ಜೂನ್ 3ರಂದು, ರೊಸೆಲ್ಲಿನಿ ರೋಮಿನಲ್ಲಿ ತೀರಿಕೊಂಡರು.