ಮುಂಬಯಿಯ ಗಿರಣಿ ಕಾರ್ಮಿಕರು

1854ರಲ್ಲಿ ಮುಂಬಯಿಯಲ್ಲಿ ಹತ್ತಿ ಗಿರಣಿ ಸ್ಥಾಪನೆಯಾಯಿತೆಂದು ನೀವೆಲ್ಲರೂ ಪಾಠದಲ್ಲಿ ಓದಿದ್ದೀರಿ. ಅಲ್ಲಿ ದುಡಿದವರ ದಿನ ಹೇಗೆ ಕಳೆಯುತ್ತಿತ್ತೆಂದು ಎಂದಾದರೂ ಯೋಚಿಸಿದ್ದೀರಾ? 1950ರ ಆಸುಪಾಸಿನ ಪರೇಲ್, ಲಾಲ್‌ಬಾಗ್ ಕಡೆ ಒಮ್ಮೆ ಹೋಗಿ ಬರೋಣ.

ನಸುಕಿನಲ್ಲೇ ಗಿರಣಿಯ ಭೋಂಗಾ ಕೂಗುತ್ತಿತ್ತು. ಚಾಳಿನ ಒಂದೇ ಕೋಣೆಯಲ್ಲಿ ಹಲವರ ವಾಸ. ಹೆಂಡತಿ ಮಕ್ಕಳು ರತ್ನಾಗಿರಿ, ಸಾತಾರಾದ ಹಳ್ಳಿಗಳಲ್ಲಿ. ಉತ್ತರ ಪ್ರದೇಶದಿಂದ ಬಂದ ಮುಸ್ಲಿಂ ನೇಕಾರರು ಮದನ್‌ಪುರದಲ್ಲಿ ನೆಲೆಸಿದ್ದರು. ರಾತ್ರಿ ಪಾಳಿ ಮುಗಿಸಿ ಬಂದವನು, ಹಗಲು ಪಾಳಿಗೆ ಎದ್ದು ಹೋದವನ ಜಾಗದಲ್ಲೇ ಮಲಗುತ್ತಿದ್ದ. ಊಟ ಖಾನಾವಳಿಯಲ್ಲಿ, ಲೆಕ್ಕ ತಿಂಗಳಿಗೊಮ್ಮೆ. ನಮ್ಮ ಹುಬ್ಬಳ್ಳಿ ಧಾರವಾಡದವರಿಗೆ ಈ ಪದವನ್ನು ವಿವರಿಸಬೇಕಿಲ್ಲ.

ಗೇಟಿನ ಮುಂದೆ ಇನ್ನೊಂದು ಗುಂಪು ಕಾಣುತ್ತಿತ್ತು. ಅವರು ‘ಬದ್ಲಿ’ಗಳು. ಉರ್ದುವಿನ ಬದಲ್, ಕನ್ನಡದ ಬದಲಿ, ಎಲ್ಲ ಒಂದೇ ಪದ. ಖಾಯಂ ಕಾರ್ಮಿಕ ಬಾರದಿದ್ದರೆ ಮಾತ್ರ ಇವರಿಗೆ ಆ ದಿನದ ಕೂಲಿ. ಎಲ್ಲರೂ ಬಂದರೆ ಬರಿಗೈ. ಮೊದಲು ಯಾರನ್ನು ಒಳಗೆ ಬಿಡಬೇಕೆಂಬುದು ಜಾಬರನ ಇಷ್ಟ, ಅವನ ಕೈ ಬೆಚ್ಚಗೆ ಮಾಡಬೇಕಿತ್ತು. 1935ರಲ್ಲಿ ಗಿರಣಿ ಮಾಲೀಕರ ಸಂಘ ಬದ್ಲಿಗಳಿಗೆ ಕಾರ್ಡು ಕೊಡುವ ಪದ್ಧತಿ ತಂದಿತು. ಕಾರ್ಡು ಬಂದರೂ ಪ್ರತಿ ಬೆಳಿಗ್ಗೆ ಗೇಟಿಗೆ ಬಂದು ನಿಲ್ಲುವುದು ತಪ್ಪಲಿಲ್ಲ.

1948ರ ಕಾರ್ಖಾನೆ ಕಾಯಿದೆ ದಿನಕ್ಕೆ 9, ವಾರಕ್ಕೆ 48 ಗಂಟೆಗಳ ಮಿತಿ ಹಾಕಿತು. ಇದು ದೊಡ್ಡ ಗೆಲುವೇ. ಆದರೆ ಹತ್ತಿಯ ಧೂಳಿಗೆ ಕಾಯಿದೆ ಗೊತ್ತಿಲ್ಲವಲ್ಲ! ವಾರದ ರಜೆ ಮುಗಿಸಿ ಕೆಲಸಕ್ಕೆ ಬಂದ ಮೊದಲ ದಿನವೇ ಎದೆ ಬಿಗಿದು ಉಸಿರು ಕಟ್ಟುತ್ತಿತ್ತು. ನೂಲು ತುಂಡಾಗದಿರಲೆಂದು ನೇಯ್ಗೆಯ ವಿಭಾಗದಲ್ಲಿ ಗಾಳಿಯನ್ನು ಸದಾ ತೇವವಾಗಿಡುತ್ತಿದ್ದರು, ಅಂಗಿ ಮೈಗಂಟುತ್ತಿತ್ತು.

ಮುಖ್ಯ ಸಂಗತಿ ಒಂದಿದೆ. ಲಾಳಿಯಲ್ಲಿ ಕಂಡಿಕೆ ಮುಗಿದಾಗ ಹೊಸ ನೂಲನ್ನು ಲಾಳಿಯ ಕಣ್ಣಿನಿಂದ ಬಾಯಿಯಿಂದಲೇ ಹೀರಿ ಎಳೆಯಬೇಕಿತ್ತು. ಒಬ್ಬರ ಬಾಯಿ ತಾಗಿದ ಲಾಳಿ ಇನ್ನೊಬ್ಬರಿಗೂ ಹೋಗುತ್ತದೆ. ಇದೇ ನೆಪದಿಂದ ದಲಿತರನ್ನು ನೇಯ್ಗೆಗೆ ಸೇರಿಸುತ್ತಿರಲಿಲ್ಲ. ತಡೆದವರು ಜೊತೆಯಲ್ಲೇ ಬೆವರು ಸುರಿಸುತ್ತಿದ್ದ ಕಾರ್ಮಿಕರು. ನೇಯ್ಗೆಯಲ್ಲಿ ಸಂಬಳವೂ ಹೆಚ್ಚು ಎಂಬುದನ್ನು ಗಮನಿಸಿರಿ. 1928ರ ಮಹಾ ಮುಷ್ಕರದ ಹೊತ್ತಿನಲ್ಲೇ ಡಾ. ಅಂಬೇಡ್ಕರ್ ಈ ಪ್ರಶ್ನೆಯನ್ನು ಕಾರ್ಮಿಕ ಮುಖಂಡರ ಮುಂದಿಟ್ಟಿದ್ದರು. 1950ರ ಜನವರಿ 26ರಂದು ಸಂವಿಧಾನ ಜಾರಿಗೆ ಬಂದಿತು, ಅದರ 17ನೇ ವಿಧಿ ಅಸ್ಪೃಶ್ಯತೆಯನ್ನು ರದ್ದುಗೊಳಿಸಿತು. ಆ ಬಳಿಕವೂ ವರ್ಷಗಟ್ಟಲೆ ದಲಿತರಿಗೆ ಹೆಚ್ಚಾಗಿ ಸಿಕ್ಕಿದ್ದು ಕಡಿಮೆ ಸಂಬಳದ ನೂಲುವ ವಿಭಾಗವೇ.