ಇಲ್ಲದ ಊರಿನ ಸ್ಥಳಪುರಾಣ

ನ್ಯೂಜಿಲೆಂಡಿನ ಉತ್ತರ ದ್ವೀಪದಲ್ಲಿ, ವೈಕಾಟೊ ಪ್ರಾಂತದ ಮಾಟಾಮಾಟಾ ಎಂಬ ಪಟ್ಟಣಕ್ಕೆ ಅನತಿದೂರದಲ್ಲಿ, ಅಲೆಕ್ಸಾಂಡರ್ ಮನೆತನದವರು 1978ರಲ್ಲಿ ಕೊಂಡುಕೊಂಡ 1,250 ಎಕರೆಗಳ ಜಮೀನೊಂದಿದೆ. ಒಂದರ ಬೆನ್ನಿಗೊಂದು ಏರಿ ಇಳಿಯುವ ಹಸುರು ದಿಬ್ಬಗಳು, ದಿಬ್ಬಗಳ ನಡುವೆ ಒಂದು ಕೊಳ, ಕೊಳದ ದಂಡೆಯಲ್ಲಿ ಕೊಂಬೆ ಹರಡಿ ನಿಂತ ಒಂದು ದೊಡ್ಡ ಪೈನ್ ವೃಕ್ಷ, ಸುತ್ತ ಮೇಯುವ ಕುರಿಗಳು, ಇವಿಷ್ಟನ್ನು ಬಿಟ್ಟರೆ ಇಪ್ಪತ್ತನೆಯ ಶತಮಾನ ಮುಗಿಯುತ್ತ ಬರುವವರೆಗೂ ಆ ಜಮೀನಿಗೆ ಹೇಳಿಕೊಳ್ಳತಕ್ಕ ಕೀರ್ತಿ ಯಾವುದೂ ಇರಲಿಲ್ಲ. ಈಗಲಾದರೋ ಜಗತ್ತಿನ ನಾನಾ ದಿಕ್ಕುಗಳಿಂದ ಜನರು ಅಲ್ಲಿಗೆ ಬರುತ್ತಾರೆ. ಟಿಕೆಟ್ಟು ಕೊಂಡು, ಬಸ್ಸಿನಲ್ಲಿ ಕುಳಿತು, ಮಾರ್ಗದರ್ಶಕರ ಹಿಂದೆ ಸುಮಾರು ಎರಡು ಗಂಟೆಗಳ ಕಾಲ ನಡೆದು, ಎಂದೂ ಯಾರೂ ವಾಸಮಾಡದಿದ್ದ ಹಾಬಿಟನ್ ಎಂಬ ಹಳ್ಳಿಯನ್ನು ಕಣ್ತುಂಬ ಕಂಡು ಹೋಗುತ್ತಾರೆ. ಆ ಹಳ್ಳಿಯನ್ನು ಕಟ್ಟಿದವರು ಚಲನಚಿತ್ರದವರಾದರೂ ಅದನ್ನು ಅಳಿಯಗೊಡದೆ ಉಳಿಸಿದವರು ಅದನ್ನು ನೋಡಬಂದ ಸಾಮಾನ್ಯ ಜನರೆಂಬುದೇ ಅದರ ಇತಿಹಾಸದಲ್ಲಿ ನನಗೆ ಅತ್ಯಂತ ಗಮನಾರ್ಹವಾಗಿ ಕಂಡಿರುವ ಸಂಗತಿ.

ಕಥೆ ನಡೆದ ಸ್ಥಳವನ್ನು ಕಾಣಬೇಕೆಂಬ ಆಸೆ ನಮಗೇನೂ ಹೊಸದಲ್ಲ. ಆನೆಗೊಂದಿಯ ಅಂಜನಾದ್ರಿಯನ್ನು ಹತ್ತುವವರು, ಹಂಪೆಯಲ್ಲಿ ಸುಗ್ರೀವನ ಗುಹೆಯ ಬಳಿ ಬಂಡೆಯ ಮೇಲಿನ ಪಟ್ಟೆಯನ್ನು ಸೀತೆಯ ಸೆರಗಿನ ಗುರುತೆಂದು ಕೈಮುಗಿದು ನೋಡುವವರು, ಈ ಆಸೆಯನ್ನು ಎಷ್ಟೋ ತಲೆಮಾರುಗಳಿಂದ ಪೋಷಿಸಿಕೊಂಡು ಬಂದವರೇ. ಯೂರೋಪಿನಲ್ಲಿ ದೇವರ ಕಥೆಗಳಿಂದ ಕವಿಕಲ್ಪಿತ ಕಥೆಗಳಿಗೆ ಈ ಯಾತ್ರೆ ಸ್ಪಷ್ಟವಾಗಿ ಹೊರಳಿಕೊಂಡುದು ಹದಿನೆಂಟನೆಯ ಶತಮಾನದ ಉತ್ತರಾರ್ಧದಲ್ಲಿ ಎನ್ನಬಹುದು. ರೂಸೋ 1761ರಲ್ಲಿ ‘ಜೂಲಿ’ ಎಂಬ ಕಾದಂಬರಿಯನ್ನು ಪ್ರಕಟಿಸಿದ ಮೇಲೆ ಅದರ ನಾಯಕ ನಾಯಿಕೆಯರು ಓಡಾಡಿದರೆಂದು ಹೇಳಲಾದ ಜಿನೀವಾ ಸರೋವರದ ತೀರಗಳಿಗೆ ಓದುಗರು ಬರತೊಡಗಿದರು. 1816ರಲ್ಲಿ ಬೈರನ್ ಮತ್ತು ಶೆಲ್ಲಿ ಇಬ್ಬರೂ ಆ ಪುಸ್ತಕವನ್ನು ಜತೆಯಲ್ಲಿಟ್ಟುಕೊಂಡೇ ಆ ಸರೋವರವನ್ನು ದೋಣಿಯಲ್ಲಿ ಸುತ್ತಿದರು. ಸರ್ ವಾಲ್ಟರ್ ಸ್ಕಾಟನ ‘ಸರೋವರದ ರಾಣಿ’ 1810ರಲ್ಲಿ ಹೊರಬಂದೊಡನೆಯೇ ಸ್ಕಾಟ್ಲೆಂಡಿನ ಕ್ಯಾಟ್ರಿನ್ ಸರೋವರದ ಸುತ್ತಣ ವಸತಿಗೃಹಗಳು ಯಾತ್ರಿಕರಿಂದ ಕಿಕ್ಕಿರಿದುವು. ಆದರೆ ಇಲ್ಲೆಲ್ಲ ಬೆಟ್ಟವೂ ನೀರೂ ಕಥೆಗಿಂತ ಮೊದಲೇ ಇದ್ದುವು. ಕಥೆ ಬಂದು ಅವುಗಳ ಮೇಲೆ ನೆಲಸಿತು. ಬಡಗಿಯೂ ಬಣ್ಣಗಾರನೂ ಸೇರಿ ಕಥೆಯ ಊರನ್ನು ನೆಲದ ಮೇಲೆ ನಿಲ್ಲಿಸಿ, ಆಮೇಲೆ ಅದನ್ನು ನೋಡಲು ಜನರು ಬಂದುದು ಚಲನಚಿತ್ರದ ಯುಗದ ವಿಶೇಷ.

ಮಾಟಾಮಾಟಾದ ನೆಲಕ್ಕಾದರೂ ತನ್ನದೇ ಆದ ಪೂರ್ವಕಥೆ ಇಲ್ಲದಿರಲಿಲ್ಲ. ಅದು ಮಾವೋರಿ ಜನಾಂಗದ ನಾಟಿ ಹೌಆ ಕುಲದವರ ಸೀಮೆ. ಆ ಕುಲದ ನಾಯಕನಾದ ವಿರೆಮು ತಾಮಿಹಾನನು, ಬಿಳಿಯರ ವಲಸೆಯ ಮುಂದೆ ತನ್ನ ಜನರ ನೆಲವೂ ನ್ಯಾಯವೂ ಉಳಿಯಬೇಕಾದರೆ ಮಾವೋರಿಗಳಿಗೆ ಒಬ್ಬ ಅರಸನಿರಬೇಕೆಂದು ಬಗೆದು, 1858ರಲ್ಲಿ ಪೋಟಟಾವು ಟೆ ಫೆರೊಫೆರೊ ಎಂಬ ವೃದ್ಧ ನಾಯಕನನ್ನು ಪ್ರಥಮ ಅರಸನನ್ನಾಗಿ ಪ್ರತಿಷ್ಠಿಸುವುದರಲ್ಲಿ ಮುಂದಾಳಾಗಿದ್ದನು. ‘ಅರಸನನ್ನು ಮಾಡಿದವನು’ ಎಂಬ ಬಿರುದಿನಿಂದಲೇ ಆ ದೇಶದ ಚರಿತ್ರೆ ಅವನನ್ನು ಸ್ಮರಿಸುತ್ತದೆ. 1863ರಲ್ಲಿ ವೈಕಾಟೊ ಯುದ್ಧ ಬಂದಿತು. 1866ರಲ್ಲಿ ಅವನು ತೀರಿಕೊಂಡನು. ಅದೇ ಕಾಲಕ್ಕೆ ಆಕ್ಲೆಂಡಿನ ಹಿಟ್ಟಿನ ಗಿರಣಿಯ ಒಡೆಯನಾಗಿದ್ದ ಜೊಸಾಯ ಕ್ಲಿಫ್ಟನ್ ಫರ್ತ್ ಎಂಬಾತನು ಆ ಕುಲದವರಿಂದ ಭೂಮಿಯನ್ನು ಮೊದಲು ಗೇಣಿಗೂ ಅನಂತರ ಕ್ರಯಕ್ಕೂ ಪಡೆಯುತ್ತ ಹೋಗಿ ಅಪಾರವಾದ ಜಮೀನ್ದಾರಿಯೊಂದನ್ನು ಕಟ್ಟಿಕೊಂಡನು. ಅವನು 1880ರ ದಶಕದ ಆರಂಭದಲ್ಲಿ ಕಟ್ಟಿಸಿದ ಕಾಂಕ್ರೀಟಿನ ಗೋಪುರ ಇಂದಿಗೂ ಪಟ್ಟಣದ ಹೊರವಲಯದಲ್ಲಿ ನಿಂತಿದೆ. ಸಾಲದ ಹೊರೆಯಿಂದ ಅವನ ಸಂಪತ್ತು ಕರಗಿದ ಮೇಲೆ, 1904ರಲ್ಲಿ ಸರಕಾರ ಆ ಜಮೀನನ್ನು ಕೊಂಡು ಸಣ್ಣ ಸಣ್ಣ ಹಿಡುವಳಿಗಳಾಗಿ ಒಕ್ಕಲುಗಳಿಗೆ ಹಂಚಿತು. ನಾಟಿ ಹೌಆ ಕುಲದವರಿಗೆ ಆದ ಅನ್ಯಾಯಗಳನ್ನು ಒಪ್ಪಿಕೊಂಡು ಪರಿಹಾರ ನೀಡುವ ಕಾಯಿದೆ ಆ ದೇಶದ ಪಾರ್ಲಿಮೆಂಟಿನಲ್ಲಿ ಅಂಗೀಕೃತವಾದುದು 2014ರಲ್ಲಿ. ಹಾಬಿಟನ್ನಿಗೆ ಬರುವವರ ಪೈಕಿ ಫರ್ತನ ಗೋಪುರದ ಕಡೆಗೆ ತಿರುಗುವವರು ಎಷ್ಟು ಕಡಿಮೆಯಾದರೂ, ಅರಸನಿಲ್ಲದ ಜನ ಅರಸನನ್ನು ಹುಡುಕಿಕೊಂಡ ಕಥೆಯನ್ನು ಬೆಳ್ಳಿತೆರೆಯಲ್ಲಿ ಕಂಡು ಇಲ್ಲಿಗೆ ಬಂದವರಿಗೆ ಅಂಥದೇ ಒಂದು ಕಥೆ ಈ ನೆಲದಲ್ಲಿಯೇ ನಿಜವಾಗಿ ನಡೆದಿತ್ತೆಂದು ತಿಳಿಸಿಕೊಡಬೇಕಾದುದು ನ್ಯಾಯವೆಂದೇ ನನ್ನ ಭಾವನೆ.

ಇನ್ನು ಆ ತೆರೆಯ ಕಥೆಯ ಊರಿಗೆ ಬರೋಣ. ಜೆ. ಆರ್. ಆರ್. ಟೋಲ್ಕಿನ್ 1937ರಲ್ಲಿ ‘ದಿ ಹಾಬಿಟ್’ ಎಂಬ ಪುಸ್ತಕವನ್ನೂ, 1954 ಮತ್ತು 1955ರಲ್ಲಿ ಮೂರು ಸಂಪುಟಗಳಾಗಿ ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಎಂಬ ಮಹಾಕಥನವನ್ನೂ ಪ್ರಕಟಿಸಿದರು. ಗುಡ್ಡದ ಒಡಲಿನಲ್ಲಿ ದುಂಡುಬಾಗಿಲಿನ ಮನೆಗಳನ್ನು ಮಾಡಿಕೊಂಡು, ತೋಟ ಊಟ ಹರಟೆಗಳಲ್ಲಿ ಸುಖವಾಗಿ ಬಾಳುವ ಗುಜ್ಜಾದ ಜನರ ನಾಡನ್ನು ಅವರು ಕಲ್ಪಿಸಿಕೊಂಡುದು ತಮ್ಮ ಬಾಲ್ಯದ ಇಂಗ್ಲೆಂಡಿನಿಂದ. 1896ರಿಂದ 1900ರವರೆಗೆ ಅವರು ತಾಯಿಯೊಡನೆ ವಾಸವಾಗಿದ್ದ ಬರ್ಮಿಂಗ್‌ಹ್ಯಾಮಿನ ಅಂಚಿನ ಸೇರ್‌ಹೋಲ್ ಎಂಬ ಹಳ್ಳಿಯ ನೀರಗಿರಣಿಯೂ ಹೊಲಗದ್ದೆಗಳೂ ಅವರ ಮನಸ್ಸಿನಿಂದ ಎಂದೂ ಮರೆಯಾಗಲಿಲ್ಲ. ಆ ಹಳ್ಳಿಯನ್ನು ನಗರ ನುಂಗಿತು. ಗಿರಣಿಯೊಂದು ಮಾತ್ರ ಉಳಿದಿದೆ. ಆದುದರಿಂದ ಆ ಕಾಲದ ಇಂಗ್ಲೆಂಡನ್ನು ತೆರೆಯ ಮೇಲೆ ತೋರಿಸಬಯಸಿದ ನಿರ್ದೇಶಕ ಪೀಟರ್ ಜಾಕ್ಸನ್ ಅದನ್ನು ಭೂಗೋಲದ ಆಚೆಯ ಬದಿಯಲ್ಲಿ, ತಮ್ಮ ಸ್ವದೇಶದಲ್ಲಿ, ಹುಡುಕಬೇಕಾಯಿತು.

1998ರಲ್ಲಿ ಅವರ ತಂಡ ಆಕಾಶಮಾರ್ಗವಾಗಿ ಸ್ಥಳವನ್ನರಸುತ್ತ ಈ ಜಮೀನನ್ನು ಕಂಡಿತು. ವಿದ್ಯುತ್ತಿನ ಕಂಬವಿಲ್ಲ, ರಸ್ತೆಯಿಲ್ಲ, ಕಟ್ಟಡವಿಲ್ಲ. ಕಥೆಯಲ್ಲಿ ಹುಟ್ಟುಹಬ್ಬದ ಔತಣಕ್ಕೆ ಬೇಕಾದ ಕೊಳವೂ ಮರವೂ ತಾವಾಗಿಯೇ ಅಲ್ಲಿದ್ದುವು. ಮರುವರ್ಷದ ಮಾರ್ಚ್ ತಿಂಗಳಲ್ಲಿ ಕೆಲಸ ಆರಂಭವಾಯಿತು. ನ್ಯೂಜಿಲೆಂಡಿನ ಸೈನ್ಯದವರು ಯಂತ್ರಗಳನ್ನು ತಂದು ಸುಮಾರು ಒಂದೂವರೆ ಕಿಲೋಮೀಟರಿನ ರಸ್ತೆಯನ್ನು ಹಾಕಿಕೊಟ್ಟರು. 39 ಹಾಬಿಟ್ ಮನೆಗಳ ಮುಖಗಳು ಪ್ಲೈವುಡ್, ಪಾಲಿಸ್ಟಿರೀನ್ ಮತ್ತು ಸಂಸ್ಕರಿಸದ ಮರಗಳಿಂದ ಎದ್ದುವು. ಗಿರಣಿ ಮತ್ತು ಪಾನಗೃಹದ ಸೂರಿಗೆ ಆ ಜಮೀನಿನಲ್ಲೇ ಬೆಳೆದ ಜೊಂಡನ್ನು ಕೊಯ್ದು ಹೊದಿಸಿದರು. ಡಿಸೆಂಬರಿನಲ್ಲಿ ಚಿತ್ರೀಕರಣ ಮೊದಲಾಗಿ ಮೂರು ತಿಂಗಳಷ್ಟು ನಡೆಯಿತು. ಮನೆಗಳ ಒಳಭಾಗವೆಂದು ನಾವು ತೆರೆಯಲ್ಲಿ ಕಾಣುವುದೆಲ್ಲ ದೂರದ ವೆಲಿಂಗ್ಟನ್ನಿನ ಸ್ಟುಡಿಯೋದಲ್ಲಿ ತೆಗೆದದ್ದು. ಇಲ್ಲಿ ಬಾಗಿಲು ತೆರೆದರೆ ಹಿಂದೆ ಇದ್ದುದು ಮಣ್ಣು. ಬಾಗಿಲುಗಳಾದರೂ ಒಂದೇ ಅಳತೆಯವಲ್ಲ. ದೊಡ್ಡ ಬಾಗಿಲಿನ ಮುಂದೆ ನಿಂತ ನಟ ಗುಜ್ಜನಾಗಿಯೂ ಸಣ್ಣ ಬಾಗಿಲಿನ ಮುಂದೆ ನಿಂತವನು ದೀರ್ಘಕಾಯನಾಗಿಯೂ ಕಾಣಬೇಕೆಂದು ಬೇರೆ ಬೇರೆ ಪ್ರಮಾಣಗಳಲ್ಲಿ ಅವನ್ನು ಮಾಡಿದ್ದರು.

ಈ ಕೆಲಸದಲ್ಲಿದ್ದ ಶ್ರದ್ಧೆಗೆ ಒಂದು ಮರ ಸಾಕ್ಷಿ. ನಾಯಕನ ಮನೆಯ ನೆತ್ತಿಯ ಮೇಲೆ ಓಕ್ ವೃಕ್ಷವೊಂದಿರಬೇಕಾಗಿತ್ತು. ದಿಬ್ಬದ ಮೇಲೆ ಅಂಥ ಮರವಿರಲಿಲ್ಲ. ಮಾಟಾಮಾಟಾದ ಹತ್ತಿರ ಬೆಳೆದಿದ್ದ ಓಕ್ ಒಂದನ್ನು ಕಡಿದು, ಕೊಂಬೆ ಕೊಂಬೆಗೂ ಸಂಖ್ಯೆ ಬರೆದು, ತುಂಡುಗಳನ್ನು ಸಾಗಿಸಿ ತಂದು, ದಿಬ್ಬದ ಮೇಲೆ ಬೋಲ್ಟುಗಳಿಂದ ಮತ್ತೆ ಜೋಡಿಸಿ ನಿಲ್ಲಿಸಿದರು. ಸತ್ತ ಮರದಲ್ಲಿ ಚಿಗುರೆಲ್ಲಿಂದ ಬರಬೇಕು? ತೈವಾನಿನಿಂದ ಕೃತಕ ಎಲೆಗಳನ್ನು ತರಿಸಿ ಒಂದೊಂದನ್ನೂ ತಂತಿಯಿಂದ ಕಟ್ಟಿದರು. ಪುಸ್ತಕದಲ್ಲಿ ಪ್ಲಮ್ ಹಣ್ಣಿನ ಮರಗಳೆಂದಿದೆ, ಪ್ಲಮ್ ಮರ ಬೇಕಾದ ಅಳತೆಗೆ ತೀರ ಎತ್ತರವಾಯಿತು, ಆದಕಾರಣ ಸೇಬು ಮತ್ತು ಪೇರ್ ಗಿಡಗಳನ್ನು ನೆಟ್ಟು, ಅವುಗಳ ಎಲೆಕಾಯಿಗಳನ್ನು ತರಿದು, ಪ್ಲಮ್ಮಿನ ಎಲೆಕಾಯಿಗಳನ್ನು ಕಟ್ಟಿದರೆಂದು ಮಾರ್ಗದರ್ಶಕರು ಹೇಳುತ್ತಾರೆ. ಒಗೆದ ಬಟ್ಟೆ ಹರವುವ ಹಗ್ಗದವರೆಗೆ ಹುಲ್ಲಿನಲ್ಲಿ ಕಾಲ್ದಾರಿ ತಾನಾಗಿ ಸವೆದಂತೆ ಕಾಣಬೇಕೆಂದು ಪ್ರತಿದಿನ ಒಬ್ಬರನ್ನು ಅಲ್ಲಿ ನಡೆಯಿಸಿದರೆಂಬ ಕಥೆಯನ್ನೂ ಅವರು ಹೇಳುತ್ತಾರೆ. ಕೆಲವು ಕ್ಷಣ ತೆರೆಯ ಮೇಲೆ ಮಿಂಚಿ ಮರೆಯಾಗುವ ಒಂದು ದೃಶ್ಯಕ್ಕಾಗಿ ಇಷ್ಟು ಕೈಗಳು ಇಷ್ಟು ದಿನ ದುಡಿದುವೆಂಬುದನ್ನು ಕೇಳಿದಾಗ ಸೋಜಿಗಕ್ಕಿಂತ ಗೌರವವೇ ನನ್ನಲ್ಲಿ ಹೆಚ್ಚಾಗಿ ಉಂಟಾಯಿತು.

ಇಷ್ಟೆಲ್ಲ ಮಾಡಿದುದು ಕೆಡವುವುದಕ್ಕೆಂದೇ. ಕೆಲಸ ಮುಗಿದೊಡನೆ ಕಟ್ಟಿದುದನ್ನು ಕಿತ್ತು ಜಮೀನನ್ನು ಮೊದಲಿದ್ದಂತೆ ಒಪ್ಪಿಸತಕ್ಕದ್ದೆಂದು ಕರಾರಾಗಿತ್ತು. ಕೆಡವುವ ಕೆಲಸವೂ ಆರಂಭವಾಯಿತು. ಅರ್ಧದಲ್ಲಿ ಹವೆ ಕೆಟ್ಟುದರಿಂದ ಅದು ನಿಂತಿತು. ಬಣ್ಣವೂ ಅಲಂಕಾರವೂ ಇಲ್ಲದ 17 ಬರಿಯ ಪ್ಲೈವುಡ್ ಮುಖಗಳು ದಿಬ್ಬಗಳಲ್ಲಿ ಹಾಗೆಯೇ ಉಳಿದುವು. ‘ದಿ ಲಾರ್ಡ್ ಆಫ್ ದಿ ರಿಂಗ್ಸ್’ ಚಿತ್ರಗಳಲ್ಲಿ ಮೊದಲನೆಯದು 2001ರ ಡಿಸೆಂಬರಿನಲ್ಲಿ ಬಿಡುಗಡೆಯಾಯಿತು. 2002ರಲ್ಲಿ ಅಲೆಕ್ಸಾಂಡರ್ ಮನೆತನದವರು ನೋಡುಗರನ್ನು ಕರೆದೊಯ್ದು ತೋರಿಸತೊಡಗಿದರು. ಆಗ ಅಲ್ಲಿ ನೋಡುವುದಕ್ಕೆ ಏನಿತ್ತು? ಗುಡ್ಡದಲ್ಲಿ ಕೊರೆದ ತೂತುಗಳು, ಅವುಗಳಿಗೆ ಬಿಳಿಯ ಹಲಗೆಯ ಚೌಕಟ್ಟು, ಅವುಗಳ ಸುತ್ತಮುತ್ತ ಕುರಿಗಳು. ಆದರೂ ಜನರು ಬಂದರು, ಬರುತ್ತಲೇ ಇದ್ದರು. ಮಾರ್ಗದರ್ಶಕರ ಮಾತೊಂದರ ಬಲದಿಂದ, ಇಲ್ಲಿ ತೋಟವಿತ್ತು, ಇಲ್ಲಿ ಬೇಲಿಯಿತ್ತು, ಇಲ್ಲಿ ಪಟಾಕಿ ಸಿಡಿಯಿತು ಎಂದು ಕೇಳುತ್ತ, ಇಲ್ಲದ್ದನ್ನೆಲ್ಲ ತಮ್ಮ ಕಣ್ಣುಗಳೊಳಗೆ ತುಂಬಿಕೊಂಡು ಹೋದರು. ನನ್ನ ಮಟ್ಟಿಗೆ ಹಾಬಿಟನ್ನಿನ ಅತ್ಯಂತ ಶ್ರೇಷ್ಠವಾದ ಕಾಲ ಅದು. ಏಕೆಂದರೆ ಊರನ್ನು ಕಟ್ಟುವ ಕೆಲಸದ ಮುಕ್ಕಾಲು ಪಾಲನ್ನು ಆಗ ನೋಡುವವರೇ ಮಾಡುತ್ತಿದ್ದರು.

‘ದಿ ಹಾಬಿಟ್’ ಕಥೆಯನ್ನು ಚಿತ್ರವಾಗಿಸಲು ತಂಡ 2009ರಲ್ಲಿ ಮರಳಿ ಬಂದಾಗ, ಕಳೆದ ಏಳು ವರ್ಷಗಳ ಜನಪ್ರವಾಹವನ್ನು ಕಂಡಿದ್ದ ಮನೆತನದವರು ಈ ಸಲ ಊರು ಶಾಶ್ವತವಾಗಿರಬೇಕೆಂದು ಬಯಸಿದರು. ಎರಡು ವರ್ಷಗಳ ಕಾಲ ಗಟ್ಟಿಯಾದ ಸಾಮಗ್ರಿಗಳಿಂದ ಹಳ್ಳಿ ಮತ್ತೆ ನಿರ್ಮಾಣವಾಯಿತು. ಮನೆಗಳು 44 ಆದುವು. ನೆತ್ತಿಯ ಓಕ್ ವೃಕ್ಷವನ್ನು ಉಕ್ಕು ಮತ್ತು ಸಿಲಿಕೋನಿನಿಂದ ಮಾಡಿದರು. ಇಷ್ಟೊಂದು ನಿರ್ಮಾಣಕ್ಕೆ 2011ರಲ್ಲಿ ನಡೆದ ಚಿತ್ರೀಕರಣ ಹನ್ನೆರಡೇ ದಿನ. ಮುಂದಿನ ವರ್ಷ ಡಿಸೆಂಬರಿನಲ್ಲಿ ಅಲ್ಲಿಯ ‘ಗ್ರೀನ್ ಡ್ರ್ಯಾಗನ್’ ಪಾನಗೃಹ ನಿಜವಾದ ಪಾನಗೃಹವಾಗಿ ತೆರೆಯಿತು. ಯಾತ್ರೆಯ ಕೊನೆಗೆ ಬಂದವರ ಕೈಗೆ ಅಲ್ಲಿ ಮಣ್ಣಿನ ಮಗ್ಗಿನಲ್ಲಿ ಪಾನೀಯವನ್ನು ಕೊಡುತ್ತಾರೆ. ಬಾಗಿಲಿನ ಹಿಂದೆ ಏನಿದೆಯೆಂಬುದು ಎಲ್ಲ ಯಾತ್ರಿಕರ ನಿತ್ಯಪ್ರಶ್ನೆಯಾಗಿದ್ದಿರಬೇಕು. 2023ರ ಡಿಸೆಂಬರಿನಲ್ಲಿ ಒಂದು ಬೀದಿಯ ಮನೆಗಳ ಒಳಭಾಗವನ್ನೂ, ಅಡಿಗೆಮನೆ ಹಾಸಿಗೆ ಪುಸ್ತಕಗಳ ಸಮೇತ, ಸಜ್ಜುಗೊಳಿಸಿ ತೆರೆದರು. ತೆರೆಯ ಮೇಲೆಂದೂ ಕಾಣದ ಆ ಕೋಣೆಗಳನ್ನು ಕಟ್ಟಿದುದು ಕ್ಯಾಮರಾಕ್ಕಾಗಿ ಅಲ್ಲ, ಕಾಲ್ನಡಿಗೆಯಲ್ಲಿ ಬಂದವರಿಗಾಗಿ.

ನಮ್ಮಲ್ಲಿಯೂ ಇದಕ್ಕೆ ಸಮೀಪವಾದ ಸಂಗತಿಯೊಂದುಂಟು. ಆರ್. ಕೆ. ನಾರಾಯಣ್ ಕಲ್ಪಿಸಿದ ಮಾಲ್ಗುಡಿ ಯಾವ ನಕಾಶೆಯಲ್ಲಿಯೂ ಇಲ್ಲ. ಶಂಕರನಾಗ್ 1980ರ ದಶಕದಲ್ಲಿ ಆಗುಂಬೆಯಲ್ಲಿ ಅದನ್ನು ದೂರದರ್ಶನಕ್ಕಾಗಿ ಚಿತ್ರಿಸಿದರು, ಅದರ ರೈಲು ನಿಲ್ದಾಣವಾಗಿ ಶಿವಮೊಗ್ಗ ಜಿಲ್ಲೆಯ ಅರಸಾಳು ನಿಲ್ದಾಣ ಕಾಣಿಸಿಕೊಂಡಿತು, ಆ ಹಳೆಯ ಕಟ್ಟಡವೇ 2020ರಲ್ಲಿ ಮಾಲ್ಗುಡಿ ಮ್ಯೂಸಿಯಂ ಆಯಿತು.

ಜನರ ಪ್ರೀತಿ ಎಲ್ಲ ಕಡೆಯೂ ಉಳಿಸುವ ಪ್ರೀತಿಯಲ್ಲ. ಉತ್ತರ ಐರ್ಲೆಂಡಿನಲ್ಲಿ ಸ್ಟುವರ್ಟ್ ಮನೆತನದವರು ಹದಿನೆಂಟನೆಯ ಶತಮಾನದಲ್ಲಿ ತಮ್ಮ ಬಂಗಲೆಯ ದಾರಿಗೆ ನೆಡಿಸಿದ ಬೀಚ್ ಮರಗಳ ಸಾಲು, ‘ಗೇಮ್ ಆಫ್ ಥ್ರೋನ್ಸ್’ ಧಾರಾವಾಹಿಯಲ್ಲಿ ಒಮ್ಮೆ ಕಾಣಿಸಿಕೊಂಡುದೇ ತಡ, ಆ ವೃದ್ಧ ಮರಗಳ ಬೇರುಗಳ ಮೇಲೆ ಕಾರು ಬಸ್ಸುಗಳು ಹರಿಯತೊಡಗಿ, ಕಡೆಗೆ ಆ ದಾರಿಯಲ್ಲಿ ವಾಹನಗಳನ್ನೇ ನಿಷೇಧಿಸಬೇಕಾಯಿತು.

ನ್ಯೂಜಿಲೆಂಡಿನಲ್ಲಿಯೇ, ಮಾಟಾಮಾಟಾದಿಂದ ದಕ್ಷಿಣಕ್ಕೆ, ಇದಕ್ಕಿಂತ ಗಹನವಾದ ಪ್ರಶ್ನೆಯೊಂದು ಎದ್ದಿದೆ. ನೌರುಹೊಯೆ ಎಂಬ ಅಗ್ನಿಪರ್ವತದ ಸುಂದರವಾದ ಶಂಕುವಿನಾಕಾರ ಚಿತ್ರದಲ್ಲಿ ಕೇಡಿನ ಬೆಟ್ಟಕ್ಕೆ ಮಾದರಿಯಾಯಿತು. ನಾಟಿ ತೂಫಾರೆಟೋವಾ ಕುಲದವರಿಗೆ ಅದು ಪೂರ್ವಜರಷ್ಟೇ ಪೂಜ್ಯವಾದುದು. ಆ ಕುಲದ ನಾಯಕ ಟೆ ಹೆವುಹೆವು 1887ರಲ್ಲಿ ಅದನ್ನೂ ನೆರೆಯ ಎರಡು ಶಿಖರಗಳನ್ನೂ ಸರ್ವರ ಸಂರಕ್ಷಣೆಗೆಂದು ಒಪ್ಪಿಸಿಕೊಟ್ಟುದರಿಂದಲೇ ಟೊಂಗಾರಿರೋ ಎಂಬ ಆ ದೇಶದ ಪ್ರಥಮ ರಾಷ್ಟ್ರೀಯ ಉದ್ಯಾನ ಉಂಟಾಯಿತು. 1993ರಲ್ಲಿ ಯುನೆಸ್ಕೊ ಸಂಸ್ಥೆ ಆ ಪ್ರದೇಶವನ್ನು ಸಾಂಸ್ಕೃತಿಕ ಭೂದೃಶ್ಯವೆಂದು ಮನ್ನಿಸಿತು; ಜಗತ್ತಿನಲ್ಲಿ ಆ ಮಾನ್ಯತೆ ಪಡೆದ ಸ್ಥಳಗಳಲ್ಲಿ ಅದೇ ಮೊದಲನೆಯದು. ಶಿಖರ ಪವಿತ್ರವಾದುದರಿಂದ ಚಿತ್ರತಂಡ ಅದರ ಮೇಲೆ ಕ್ಯಾಮರಾ ಹೂಡಲಿಲ್ಲ. ಬೆಟ್ಟದ ಇಳಿಜಾರಿನ ದೃಶ್ಯಗಳನ್ನು ನೆರೆಯ ರುವಾಪೆಹು ಪರ್ವತದಲ್ಲಿ ತೆಗೆದರು. ತಂಡ ತೋರಿದ ಈ ಸಂಯಮವನ್ನು ಚಿತ್ರ ನೋಡಿ ಬಂದವರೆಲ್ಲ ತೋರಲಿಲ್ಲ. ಸುಮಾರು 20 ಕಿಲೋಮೀಟರಿನ ನಡಿಗೆಯ ದಾರಿಯಿಂದ ಕವಲೊಡೆದು, ತೆರೆಯ ನಾಯಕನು ಹತ್ತಿದನೆಂದು ತಾವೂ ಶಿಖರವನ್ನು ಹತ್ತುವವರ ಸಂಖ್ಯೆ ಹೆಚ್ಚಿತು. ಈಚಿನ ವರ್ಷಗಳಲ್ಲಿ ಅಲ್ಲಿಯ ಸಂರಕ್ಷಣಾ ಇಲಾಖೆ, ಕುಲದವರ ಇಚ್ಛೆಯನ್ನು ಗೌರವಿಸಿ, ಶಿಖರದ ಕಡೆಗಿದ್ದ ಸೂಚನಾಫಲಕಗಳನ್ನು ತೆಗೆದುಹಾಕಿ, ಯಾರೂ ನೆತ್ತಿಯನ್ನು ಹತ್ತಬಾರದೆಂದು ಬಂದವರಲ್ಲಿ ವಿನಂತಿಸಿಕೊಳ್ಳುತ್ತಿದೆ.